ಅಮ್ಮನ ಸೊಪ್ಪಿನ ಗಾಡಿ ಎತ್ಕೊಂಡು ಹೋದ್ರು, ವಾಪಸ್ ತಗೊಳೋದು ಹೇಗೆ?

ಅಮ್ಮ 12 ವರ್ಷದಿಂದ ಮಾರ್ಕೆಟ್ ರೋಡಲ್ಲಿ ಸೊಪ್ಪು ಮಾರ್ತಾರೆ, ನಿನ್ನೆ ನಗರಸಭೆಯವ್ರು ನೋಟಿಸೂ ಇಲ್ದೆ ಗಾಡಿ, ತಕ್ಕಡಿ, ಸೊಪ್ಪು ಎಲ್ಲಾ ವ್ಯಾನಿಗೆ ಹಾಕ್ಕೊಂಡು ಹೋದ್ರು. ಬೀದಿ ವ್ಯಾಪಾರಿಗಳ ಸರ್ವೇಲಿ ಹೆಸ್ರು ಬರ್ಸಿದೀವಿ, ವ್ಯಾಪಾರದ ಸರ್ಟಿಫಿಕೇಟ್ ಇನ್ನೂ ಬಂದಿಲ್ಲ. ಏನ್ ಮಾಡ್ಲಿ?

ಉತ್ತರ 1: ಇದು ತಪ್ಪು ರೀ. 2014ರ ಬೀದಿ ವ್ಯಾಪಾರಿಗಳ ಕಾಯ್ದೆ ಸೆಕ್ಷನ್ 3(3) ನೋಡಿ, ಸರ್ವೇ ಮುಗ್ದು ಎಲ್ರಿಗೂ ಸರ್ಟಿಫಿಕೇಟ್ ಕೊಡೋವರ್ಗೂ ಯಾರನ್ನೂ ಎಬ್ಬಿಸೋ ಹಾಗಿಲ್ಲ, ಆಮೇಲೂ 30 ದಿನದ ನೋಟಿಸ್ ಕೊಡ್ಲೇಬೇಕು.

ಉತ್ತರ 2: ಮೊದ್ಲು ಸಾಮಾನಿನ ಪಟ್ಟಿ ಕೇಳಿ, ಸೆಕ್ಷನ್ 19ರಲ್ಲಿದೆ. ಕೇಳಿದ ದಿನವೇ ಸೊಪ್ಪು ಕೊಡ್ಬೇಕು, ಕೆಡದೇ ಇರೋ ಸಾಮಾನಾದ್ರೆ 2 ವರ್ಕಿಂಗ್ ಡೇ ಒಳಗೆ. ಸಾಮಾನು ಬಿಡಿಸ್ಕೊಳೋಕೆ ಫೀಸ್ ಕಟ್ಟಿದ್ರೆ ರಸೀದಿ ಬಿಡ್ಬೇಡಿ.

ಉತ್ತರ 3: ಪಟ್ಟಣ ವ್ಯಾಪಾರ ಸಮಿತಿಲಿರೋ (ಊರಿನ ಬೀದಿ ವ್ಯಾಪಾರದ ವಿಷ್ಯ ನೋಡೋ ಸಮಿತಿ) ವ್ಯಾಪಾರಿ ಪ್ರತಿನಿಧಿಗಳನ್ನ ಹಿಡೀರಿ, ಕನಿಷ್ಠ ಶೇ. 40 ಅವ್ರೇ ಇರ್ಬೇಕು. ಅಮ್ಮನ್ನ ಒಬ್ರನ್ನೇ ಆಫೀಸಿಗೆ ಕಳಿಸ್ಬೇಡಿ.