‘ದಂಡ’, ‘ದಂಡನೆ’, ‘ಜುಲ್ಮಾನೆ’: ಗ್ರಾಹಕರ ಆಯೋಗದ ಅಧಿಕಾರಕ್ಕೆ ಯಾವ ಪದ?

ಮಾನ್ಯರೆ,

ಮಂಡ್ಯದ ನಮ್ಮ ಹಿರಿಯ ಬಂಧುವೊಬ್ಬರು, ನಿವೇಶನಕ್ಕೆಂದು ಕಟ್ಟಿದ ಹಣವನ್ನು ಬಡ್ಡಿಸಹಿತ ಹಿಂದಿರುಗಿಸಬೇಕೆಂಬ ಆದೇಶವನ್ನು ಜಿಲ್ಲಾ ಗ್ರಾಹಕರ ಆಯೋಗದಿಂದ ಪಡೆದು ವರ್ಷವಾದರೂ ಹಣ ಕೈಸೇರದೆ, ಕಳೆದ ವಾರ ಮೈಸೂರಿಗೆ ಬಂದು ನನ್ನಿಂದ ಕಾಗದಪತ್ರಗಳನ್ನು ಓದಿಸಿಕೊಂಡರು. ಇನ್ನೊಂದು ಅರ್ಜಿ ಹಾಕಿದರೆ ಎದುರುಪಕ್ಷಕ್ಕೆ ‘ದಂಡ ಬೀಳುತ್ತದೆ’ ಎಂದು ಯಾರೋ ಅವರಿಗೆ ಹೇಳಿದ್ದರು. ‘ಆ ದಂಡದ ದುಡ್ಡು ನನಗೇ ಬರ್ತದಲ್ವಾ?’ ಎಂದು ಕೇಳಿದರು. ಬರುವುದಿಲ್ಲವೆಂದು ಮನವರಿಕೆ ಮಾಡಿಕೊಡಲು ಅರ್ಧ ಗಂಟೆ ಹಿಡಿಯಿತು. ಅಷ್ಟು ಹೊತ್ತೂ ನನ್ನ ಮಾತಿಗೆ ತೊಡರಿಕೊಂಡದ್ದು ‘ದಂಡ’ ಎಂಬ ಪದವೇ.

2019ರ ಗ್ರಾಹಕ ಸಂರಕ್ಷಣಾ ಅಧಿನಿಯಮದಲ್ಲಿ ಎರಡು ದಾರಿಗಳಿವೆ. 71ನೆಯ ಪ್ರಕರಣದಂತೆ (ಅಂದರೆ ಸೆಕ್ಷನ್ 71) ಆಯೋಗದ ಆದೇಶವನ್ನು ಸಿವಿಲ್ ನ್ಯಾಯಾಲಯದ ತೀರ್ಪಿನ ಆಜ್ಞೆಯ, ಎಂದರೆ ಡಿಕ್ರಿಯ, ಹಾಗೆ ಜಾರಿಗೊಳಿಸಬಹುದು. ನಮ್ಮ ನ್ಯಾಯಾಲಯಗಳ ಕನ್ನಡದಲ್ಲಿ ಇದಕ್ಕೆ ‘ಅಮಲ್ಜಾರಿ’ ಎಂಬ ಗಟ್ಟಿಯಾದ ಪದವಿದೆ. 72ನೆಯ ಪ್ರಕರಣದಂತೆ, ಆದೇಶ ಪಾಲಿಸದವರಿಗೆ 1 ತಿಂಗಳಿಗೆ ಕಡಿಮೆಯಿಲ್ಲದೆ 3 ವರ್ಷದವರೆಗೆ ಸೆರೆವಾಸ, ಇಲ್ಲವೆ 25,000 ರೂಪಾಯಿಗೆ ಕಡಿಮೆಯಿಲ್ಲದೆ 1 ಲಕ್ಷದವರೆಗೆ ಹಣದ ದಂಡ, ಇಲ್ಲವೆ ಎರಡನ್ನೂ ವಿಧಿಸಬಹುದು. 1986ರ ಹಳೆಯ ಅಧಿನಿಯಮದ 27ನೆಯ ಪ್ರಕರಣದಲ್ಲಿ ಈ ಮೊತ್ತ 2,000ದಿಂದ 10,000 ರೂಪಾಯಿಯವರೆಗಿತ್ತು.

ಸಂವಿಧಾನದ ತಕರಾರು ಹುಟ್ಟುವುದು ಇಲ್ಲಿಯೇ. ಗ್ರಾಹಕರಿಗೆ ಪರಿಹಾರ ಕೊಡಿಸಲೆಂದು ಹುಟ್ಟಿದ, ಕ್ರಿಮಿನಲ್ ನ್ಯಾಯಾಲಯವಲ್ಲದ ಒಂದು ಮಂಡಳಿ ಮನುಷ್ಯನನ್ನು ಜೈಲಿಗೆ ಕಳಿಸಬಹುದೇ? ವಿಶ್ವಭಾರತಿ ಗೃಹನಿರ್ಮಾಣ ಸಹಕಾರ ಸಂಘದ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು 2003ರಲ್ಲಿ 1986ರ ಅಧಿನಿಯಮವನ್ನು ಎತ್ತಿಹಿಡಿಯಿತು. 27ನೆಯ ಪ್ರಕರಣವು ತನ್ನ ಆದೇಶವನ್ನು ಕಾರ್ಯಗತಗೊಳಿಸಲು ವೇದಿಕೆಗೆ (ಜಿಲ್ಲಾ ಆಯೋಗದ ಅಂದಿನ ಹೆಸರು) ಕೊಟ್ಟಿರುವ ಹೆಚ್ಚುವರಿ ಅಧಿಕಾರವೆಂದೂ, ನ್ಯಾಯಾಂಗ ನಿಂದನೆಯ ಕಾನೂನನ್ನು ಹೋಲುವಂಥದೆಂದೂ ಅದು ಹೇಳಿತು. ಆದರೆ ಅದೇ ವರ್ಷದ ಮಾರ್ಚ್ 15ರಂದು ಜಾರಿಗೆ ಬಂದ ತಿದ್ದುಪಡಿಯು ವೇದಿಕೆಗೆ ಪ್ರಥಮ ದರ್ಜೆ ಮ್ಯಾಜಿಸ್ಟ್ರೇಟರ ಅಧಿಕಾರವನ್ನು ಕೊಟ್ಟು, ಪಾಲಿಸದಿರುವುದನ್ನು ‘ಅಪರಾಧ’ವೆಂದೇ ಕರೆದು, ಸಂಕ್ಷಿಪ್ತ ವಿಚಾರಣೆಗೆ ಅವಕಾಶ ಮಾಡಿತು. ಹೀಗೆ ಒಂದು ಮಗ್ಗುಲಿನಿಂದ ಅಮಲ್ಜಾರಿಯ ಉಪಾಯವಾಗಿಯೂ ಇನ್ನೊಂದರಿಂದ ಅಪರಾಧದ ಶಿಕ್ಷೆಯಾಗಿಯೂ ಕಾಣುವ ವಸ್ತು ಇದು. ಒಂದೇ ಅಪರಾಧಕ್ಕೆ ಎರಡು ಬಾರಿ ಶಿಕ್ಷೆ ಸಲ್ಲದು ಎಂಬಂಥ, ಸಂವಿಧಾನದ 20ನೆಯ ಅನುಚ್ಛೇದದ ರಕ್ಷಣೆ ಎಷ್ಟರಮಟ್ಟಿಗೆ ಅನ್ವಯಿಸುತ್ತದೆ ಎಂಬ ವಾದ ನಿಲ್ಲುವುದೂ ಈ ಭೇದದ ಮೇಲೆಯೇ. 2025ರ ಮಾರ್ಚಿನಲ್ಲಿ ಸುಪ್ರೀಂ ಕೋರ್ಟು ಇಂಥ ದಂಡನೆ ನಿಯಂತ್ರಕ ಸ್ವರೂಪದ್ದು, ಆದ್ದರಿಂದ ದಿವಾಳಿ ಸಂಹಿತೆಯಡಿ ವ್ಯಕ್ತಿಗೆ ಸಿಗುವ ಮಧ್ಯಂತರ ತಡೆ (ಸಾಲ ವಸೂಲಿಯ ಕ್ರಮಗಳಿಗೆ ಬೀಳುವ ತಾತ್ಕಾಲಿಕ ನಿಲುಗಡೆ) ಇದಕ್ಕೆ ಅಡ್ಡಬಾರದು ಎಂದಿತು.

ಇಷ್ಟು ಸೂಕ್ಷ್ಮವಾದ ವ್ಯತ್ಯಾಸವನ್ನು ನಮ್ಮ ಪತ್ರಿಕೆಗಳ ‘ದಂಡ’ ಒಂದೇ ಏಟಿಗೆ ಅಳಿಸಿಬಿಡುತ್ತದೆ. ಕೋಲು ಎಂಬ ಮೂಲಾರ್ಥದಿಂದ ಹೊರಟು, ದಂಡನಾಯಕನನ್ನೂ ತಾಲ್ಲೂಕು ದಂಡಾಧಿಕಾರಿಯನ್ನೂ ದಾಟಿ ಬಂದಿರುವ ಈ ಪದ, ಮಂಡ್ಯದ ಹಳ್ಳಿಯ ಮಾತಿನಲ್ಲಿ ತಪ್ಪು ಮಾಡಿದವನು ನೊಂದವನಿಗೆ ಕಟ್ಟಿಕೊಡುವ ಹಣಕ್ಕೂ ಸಲ್ಲುತ್ತದೆ. ನಮ್ಮ ಬಂಧು ಅದನ್ನು ಆ ಅರ್ಥದಲ್ಲಿಯೇ ಕೇಳಿಸಿಕೊಂಡದ್ದರಲ್ಲಿ ಅವರ ತಪ್ಪೇನೂ ಇಲ್ಲ.

‘ಜುಲ್ಮಾನೆ’ ನನಗೆ ಇಷ್ಟವಾದ ಪದ. ಅದು ‘ಜುರ್ಮಾನಾ’ದ ರಕಾರ ಲಕಾರವಾಗಿ ಬಂದದ್ದು, ಕಿವಿಗೆ ಹತ್ತಿರವೆನಿಸುವ ‘ಜುಲುಮೆ’ಯ ಮೂಲ ಬೇರೆ. ಸರ್ಕಾರಕ್ಕೆ ಸಲ್ಲುವ ಹಣವೆಂಬ ಅರ್ಥ ಅದರಲ್ಲಿ ನಿಚ್ಚಳವಾಗಿದೆ. ಆದರೆ ಸೆರೆವಾಸ ಅದರೊಳಗೆ ಸೇರುವುದಿಲ್ಲ, ಮೇಲಾಗಿ ‘ಜುರ್ಮ್’ ಎಂದರೆ ಅಪರಾಧವಾದ್ದರಿಂದ 2003ರ ತೀರ್ಪಿನ ನೋಟಕ್ಕೆ ಅದು ಸ್ವಲ್ಪ ಎರವಾಗುತ್ತದೆ. ‘ಶಿಕ್ಷೆ’ಗೂ ಇದೇ ತೊಂದರೆ.

ಸದ್ಯಕ್ಕೆ ನಾನು 72ನೆಯ ಪ್ರಕರಣದ ಒಟ್ಟು ಅಧಿಕಾರಕ್ಕೆ ‘ದಂಡನೆ’, ಅದರೊಳಗಿನ ಹಣಕ್ಕೆ ‘ಜುಲ್ಮಾನೆ’, ದೂರುದಾರರಿಗೆ ಬರುವ ಹಣಕ್ಕೆ ‘ಪರಿಹಾರ’ ಎಂದು ಬರೆಯುತ್ತಿದ್ದೇನೆ. ಆದೇಶವನ್ನು ಪಾಲಿಸುವಂತೆ ಮಾಡುವುದೇ ಇದರ ಗುರಿ ಎಂಬುದು ಮಾತ್ರ ‘ದಂಡನೆ’ಯಲ್ಲಿ ಮೂಡುವುದಿಲ್ಲ. ‘ಪಾಲನಾ ದಂಡನೆ’ ಎಂದು ಬರೆದು ನೋಡಿದೆ; ಓದಿದವರೊಬ್ಬರು ‘ಪಾಲನೆ’ಯನ್ನು ರಕ್ಷಣೆಯೆಂದು ತಿಳಿದರು. ಮೈಸೂರು, ಮಂಡ್ಯದ ನ್ಯಾಯಾಲಯಗಳಲ್ಲಿ ಕನ್ನಡದಲ್ಲಿ ಅರ್ಜಿ ಬರೆಯುವ ವಕೀಲರು, ಗುಮಾಸ್ತರು 71 ಮತ್ತು 72ನೆಯ ಪ್ರಕರಣಗಳ ಅರ್ಜಿಗಳನ್ನು ಬೇರೆಬೇರೆ ಹೆಸರಿನಿಂದ ಕರೆಯುತ್ತಾರೆಯೇ, ಅಥವಾ ಎರಡನ್ನೂ ‘ಅಮಲ್ಜಾರಿ’ ಎಂದೇ ಬರೆಯುತ್ತಾರೆಯೇ? ಬಲ್ಲವರು ದಯವಿಟ್ಟು ಬಳಕೆಯ ವಾಕ್ಯದೊಡನೆ ತಿಳಿಸಬೇಕೆಂದು ಕೋರುತ್ತೇನೆ.