ಮೊದಲ ಸಿನಿಮಾ ನಟಿ ತಾಯಿಯೋ, ಮಗಳೋ? ದುರ್ಗಾಬಾಯಿ ಕಾಮತರ ಬಗ್ಗೆ ಒಂದು ಪ್ರಶ್ನೆ

ಪ್ರಶ್ನೆ (ಮಾಟುಂಗಾ, ಮುಂಬೈ)

ಮಾನ್ಯರೇ, ನಮ್ಮ ಕನ್ನಡ ಸಂಘದ ಮಹಿಳಾ ವಿಭಾಗದಲ್ಲಿ ಮೂಕಿ ಚಿತ್ರಗಳ ಕಾಲದ ನಟಿಯರ ಕುರಿತು ಇಪ್ಪತ್ತು ನಿಮಿಷ ಮಾತನಾಡುವ ಹೊಣೆ ನನ್ನ ಮೇಲೆ ಬಿದ್ದಿದೆ. ಕೆಲವು ಲೇಖನಗಳು ಭಾರತದ ಮೊದಲ ಸಿನಿಮಾ ನಟಿ ದುರ್ಗಾಬಾಯಿ ಕಾಮತ್ ಎನ್ನುತ್ತವೆ, ಇನ್ನು ಕೆಲವು ಕಮಲಾಬಾಯಿ ಗೋಖಲೆ ಎನ್ನುತ್ತವೆ. ಯಾವುದು ಸರಿ? ಕಾಮತ್ ಎಂಬ ಅಡ್ಡಹೆಸರು ಕಿವಿಗೆ ಬಿದ್ದೊಡನೆ ನಮ್ಮ ಕಟ್ಟಡದ ಹಿರಿಯರೊಬ್ಬರು ‘ಹಾಗಾದರೆ ನಮ್ಮ ಕರಾವಳಿಯವರೇ’ ಎಂದು ತೀರ್ಮಾನಿಸಿಬಿಟ್ಟಿದ್ದಾರೆ. ಅದನ್ನು ವೇದಿಕೆಯಲ್ಲಿ ಹೇಳಬಹುದೇ?

ಉತ್ತರ 1 (ಪುಣೆ)

ಇಬ್ಬರೂ ಒಂದೇ ಚಿತ್ರದಲ್ಲಿ ತೆರೆಗೆ ಬಂದವರಾದ್ದರಿಂದ ಎರಡೂ ಬರಹಗಳು ತಪ್ಪಲ್ಲ. ದುರ್ಗಾಬಾಯಿ ತಾಯಿ, ಕಮಲಾಬಾಯಿ ಮಗಳು. ದಾದಾಸಾಹೇಬ ಫಾಲ್ಕೆಯವರು 1913ರಲ್ಲಿ ‘ರಾಜಾ ಹರಿಶ್ಚಂದ್ರ’ವನ್ನು ತೆಗೆದಾಗ ಬಣ್ಣ ಹಚ್ಚಲು ಒಪ್ಪುವ ಹೆಂಗಸೊಬ್ಬಳೂ ಸಿಗದೆ, ಉಪಾಹಾರಗೃಹವೊಂದರಲ್ಲಿ ಕೆಲಸಕ್ಕಿದ್ದ ಅಣ್ಣಾ ಸಾಳುಂಕೆ ಎಂಬ ತರುಣನಿಂದ ತಾರಾಮತಿಯ ಪಾತ್ರ ಮಾಡಿಸಿದ್ದು ನಿಮಗೆ ತಿಳಿದೇ ಇದೆ. ಅದರ ಬೆನ್ನಿಗೇ ಬಂದ ‘ಮೋಹಿನಿ ಭಸ್ಮಾಸುರ’ದಲ್ಲಿ ದುರ್ಗಾಬಾಯಿ ಪಾರ್ವತಿಯಾದರು, ಆಗತಾನೇ ಹದಿಹರೆಯಕ್ಕೆ ಕಾಲಿಟ್ಟಿದ್ದ ಕಮಲಾ ಮೋಹಿನಿಯಾದಳು. ನಾಯಕಿಯ ಪಾತ್ರವನ್ನು ಲೆಕ್ಕಕ್ಕೆ ಹಿಡಿದವರು ಮಗಳನ್ನು ಮೊದಲಿಗಳೆನ್ನುತ್ತಾರೆ, ವಯಸ್ಸನ್ನು ಹಿಡಿದವರು ತಾಯಿಯನ್ನು.

ನನ್ನ ಮಟ್ಟಿಗೆ ಈ ಪೈಪೋಟಿಗಿಂತ ದುರ್ಗಾಬಾಯಿ ಆ ಕ್ಯಾಮೆರಾದ ಮುಂದೆ ನಿಂತದ್ದು ಹೇಗೆ ಎಂಬುದೇ ದೊಡ್ಡ ಪ್ರಶ್ನೆ. ಗಂಡನಿಂದ ಬೇರೆಯಾಗಿ, ಒಬ್ಬಳೇ ಮಗಳನ್ನು ಸಾಕಬೇಕಾಗಿ ಬಂದು, ಮರ್ಯಾದಸ್ಥರು ಮೂಗು ಮುರಿಯುತ್ತಿದ್ದ ನಾಟಕ ಕಂಪನಿಯನ್ನು ಸೇರಿದ ಹೆಂಗಸು ಆಕೆ. ಊರೂರು ಸುತ್ತುವ ಆ ಬಾಳಿನಲ್ಲಿ ಮಗಳೂ ಎಳೆವಯಸ್ಸಿನಲ್ಲೇ ರಂಗ ಹತ್ತಿದಳು. ಜನರೆದುರು ನಿಲ್ಲುವ ನಾಚಿಕೆಯನ್ನೂ, ಅದಕ್ಕಾಗಿ ಕೇಳಬೇಕಾದ ಮಾತುಗಳನ್ನೂ ರಂಗಭೂಮಿಯಲ್ಲೇ ದಾಟಿ ಬಂದವರಿಗೆ ಸಿನಿಮಾ ಹೊಸ ಕಳಂಕವಾಗಿ ತೋರಿರಲಿಕ್ಕಿಲ್ಲ.

ಅಡ್ಡಹೆಸರಿನ ವಿಷಯ: ಕಾಮತರು ಗೋವೆಯಲ್ಲಿದ್ದಾರೆ, ಕೊಂಕಣದಲ್ಲಿದ್ದಾರೆ, ಕಾರವಾರದಲ್ಲೂ ಇದ್ದಾರೆ. ಇವರು ದುಡಿದದ್ದು ಮರಾಠಿ ರಂಗಭೂಮಿಯಲ್ಲಿ. ಹಿರಿಯರ ತೀರ್ಮಾನವನ್ನು ಕಟ್ಟಡದ ಮೆಟ್ಟಿಲ ಬಳಿಯೇ ಬಿಡುವುದು ಒಳ್ಳೆಯದು.

ಉತ್ತರ 2 (ಡೊಂಬಿವಲಿ)

ಮೇಲಿನವರ ಮಾತಿಗೆ ಒಂದನ್ನು ಸೇರಿಸುತ್ತೇನೆ. ಭಸ್ಮಾಸುರ ಮೋಹಿನಿಯ ಪ್ರಸಂಗವನ್ನು ನಾವೆಲ್ಲ ಯಕ್ಷಗಾನದಲ್ಲಿ ನೋಡಿ ಬೆಳೆದವರು, ಅಲ್ಲಿ ಮೋಹಿನಿಯಾಗಿ ಕುಣಿಯುತ್ತಿದ್ದವರು ಗಂಡಸರೇ. ಕಥೆಯಲ್ಲೂ ಮೋಹಿನಿ ಎಂದರೆ ಹೆಣ್ಣುವೇಷ ತೊಟ್ಟ ವಿಷ್ಣು. ಸ್ತ್ರೀವೇಷದ ಗಂಡಸಿಗೆ ಹೇಳಿ ಮಾಡಿಸಿದಂತಿದ್ದ ಆ ಪಾತ್ರವನ್ನೇ ನಮ್ಮ ತೆರೆಯ ಮೊದಲ ನಾಯಕಿ ಮಾಡಿದಳೆಂಬುದು ನನಗೆ ಬಹಳ ಮೋಜೆನಿಸುತ್ತದೆ. ಹಾಗೆಂದು ಆ ಒಂದು ಚಿತ್ರದಿಂದ ಎಲ್ಲವೂ ಬದಲಾಯಿತೆಂದು ಹೇಳಬೇಡಿ, 1917ರ ‘ಲಂಕಾದಹನ’ದಲ್ಲಿ ಅದೇ ಸಾಳುಂಕೆಯವರು ರಾಮನೂ ಆದರು, ಸೀತೆಯೂ ಆದರು.

ಮರುಪ್ರಶ್ನೆ (ಮಾಟುಂಗಾ)

ಇಬ್ಬರಿಗೂ ಧನ್ಯವಾದಗಳು. ಭಾಷಣದ ನಡುವೆ ಆ ಚಿತ್ರದ ತುಣುಕೊಂದನ್ನು ತೋರಿಸಲು ಸಾಧ್ಯವೇ? ಮಗಳ ಮುಂದಿನ ಬದುಕಿನ ಬಗ್ಗೆಯೂ ತಿಳಿಸಿದರೆ ಉಪಕಾರವಾಗುತ್ತದೆ.

ಉತ್ತರ 1 (ಪುಣೆ)

‘ಮೋಹಿನಿ ಭಸ್ಮಾಸುರ’ ಉಳಿದಿಲ್ಲ. ಅಂದಿನ ಚಿತ್ರಗಳನ್ನು ನೈಟ್ರೇಟ್ ಫಿಲ್ಮಿನ ಮೇಲೆ ತೆಗೆಯುತ್ತಿದ್ದರು. ಅದು ಬೇಗನೆ ಹೊತ್ತಿಕೊಳ್ಳುತ್ತದೆ, ಹೊತ್ತದಿದ್ದರೂ ಡಬ್ಬಿಯೊಳಗೇ ಕೊಳೆತು ಪುಡಿಯಾಗುತ್ತದೆ, ಅದರಲ್ಲಿರುವ ಬೆಳ್ಳಿಯ ಆಸೆಗೆ ಹಳೆಯ ರೀಲುಗಳನ್ನು ಮಾರಿದವರೂ ಇದ್ದರು. ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಹುಟ್ಟಿದ್ದೇ 1964ರಲ್ಲಿ, ಅಷ್ಟರೊಳಗೆ ಮೂಕಿ ಚಿತ್ರಗಳಲ್ಲಿ ಬಹುಪಾಲು ಕಣ್ಮರೆಯಾಗಿದ್ದವು. ಫಾಲ್ಕೆಯವರ ಕೆಲಸದ ಬನಿ ತೋರಿಸಬೇಕೆಂದಿದ್ದರೆ 1919ರ ‘ಕಾಳಿಯ ಮರ್ದನ’ವನ್ನು ಆರಿಸಿಕೊಳ್ಳಿ, ಅದರಲ್ಲಿ ಅವರ ಮಗಳು ಮಂದಾಕಿನಿ ಬಾಲಕೃಷ್ಣನಾಗಿದ್ದಾಳೆ.

ಕಮಲಾಬಾಯಿ ನಾಟಕದವರೇ ಆದ ರಘುನಾಥರಾವ್ ಗೋಖಲೆಯವರನ್ನು ಮದುವೆಯಾದರು. ಗಂಡ ಬೇಗ ತೀರಿಕೊಂಡದ್ದರಿಂದ ಮೂವರು ಗಂಡುಮಕ್ಕಳನ್ನು ನಟನೆಯ ದುಡಿಮೆಯಲ್ಲೇ ಸಾಕಿದರು, ಅಂದರೆ ತಾಯಿಯ ಪಾಡು ಮಗಳಿಗೂ ಬಂತು. ಮಕ್ಕಳಲ್ಲಿ ಚಂದ್ರಕಾಂತ ಗೋಖಲೆ ನಟರಾದರು, ಲಾಲ್‌ಜಿ ಮತ್ತು ಸೂರ್ಯಕಾಂತ ತಬಲಾ ವಾದಕರಾದರು. ನಟ ವಿಕ್ರಮ್ ಗೋಖಲೆ ಕಮಲಾಬಾಯಿಯವರ ಮೊಮ್ಮಗ. ಕಮಲಾಬಾಯಿಯವರ ಕೊನೆಯ ಚಿತ್ರವಾದ 1980ರ ‘ಗೆಹರಾಯಿ’ಯಲ್ಲಿ ನಮ್ಮ ಅನಂತನಾಗ್ ಕೂಡ ಇದ್ದಾರೆ, ಸಂಘದ ಸಭೆಯಲ್ಲಿ ಅದಕ್ಕೆ ಚಪ್ಪಾಳೆ ಖಂಡಿತ. ರೀನಾ ಮೋಹನ್ ಅವರ ‘ಕಮಲಾಬಾಯಿ’ ಎಂಬ ಸಾಕ್ಷ್ಯಚಿತ್ರದಲ್ಲಿ ಇಳಿವಯಸ್ಸಿನ ಕಮಲಾಬಾಯಿಯವರೇ ಮಾತನಾಡಿದ್ದಾರೆ. ಸಿಕ್ಕರೆ ಅದರ ಐದು ನಿಮಿಷ ತೋರಿಸಿ, ನೀವು ಹದಿನೈದು ನಿಮಿಷ ಮಾತನಾಡಿದರೆ ಸಾಕು.

ಪ್ರತಿಕ್ರಿಯೆ (ಮಾಟುಂಗಾ)

ಆಮಂತ್ರಣದಲ್ಲಿ ‘ಮೊದಲ ನಟಿ’ ಎಂಬುದನ್ನು ಹೊಡೆದುಹಾಕಿ ‘ಪಾರ್ವತಿ ಮತ್ತು ಮೋಹಿನಿ’ ಎಂದು ಅಚ್ಚು ಹಾಕಿಸುತ್ತಿದ್ದೇನೆ. ಹಿರಿಯರಿಗೆ ಕಾಮತರ ವಿಷಯ ತಿಳಿಸುವುದೊಂದು ಬಾಕಿ ಇದೆ.