ಗ್ರೂಪಿಗೆ ಬಂದ ಮಗುವಿನ ವಿಡಿಯೊ: ಡಿಲೀಟ್ ಮಾಡಿದರೆ ಸಾಕಾ?

ಮಲೆನಾಡಿಗ:
ನಮ್ಮ ಕ್ರಿಕೆಟ್ ತಂಡದ ವಾಟ್ಸಾಪ್ ಗ್ರೂಪಿಗೆ ಒಬ್ಬ, ಮಗುವಿನ ಮೇಲಿನ ಲೈಂಗಿಕ ದೌರ್ಜನ್ಯದ ವಿಡಿಯೊ ಹಾಕಿದ್ದಾನೆ. ಕೆಳಗೆ 'ಈ ಪಾಪಿ ಸಿಗುವ ತನಕ ಶೇರ್ ಮಾಡಿ' ಅಂತ ಬೇರೆ. ನನ್ನ ಫೋನಿಗೂ ತಾನಾಗಿಯೇ ಡೌನ್‌ಲೋಡ್ ಆಗಿದೆ. ಸುಮ್ನೆ ಡಿಲೀಟ್ ಮಾಡಿದರೆ ಸಾಕಾ?

ವಕೀಲೆ ಅಕ್ಕ:
ಮೊದಲು, ಯಾರಿಗೂ ಕಳಿಸಬೇಡಿ. ಸಾಕ್ಷಿಗೆ ಅಂತ ನನಗೂ ಬೇಡ. ಕೋಪದಿಂದ ಹಂಚಿದರೂ ಹಂಚಿದ್ದೇ ಅಲ್ವಾ? ಪ್ರತಿ ಫೋನಿನಲ್ಲೂ ಆ ಮಗು ಮತ್ತೆ ಬೆತ್ತಲಾಗುತ್ತದೆ. ನಾಳೆ ಅದು ದೊಡ್ಡದಾಗುತ್ತದೆ, ಶಾಲೆಗೆ, ಕೆಲಸಕ್ಕೆ ಹೋಗುತ್ತದೆ. ಆಗಲೂ ಯಾರದೋ ಫೋನಿನಲ್ಲಿ ಇದು ಇರುತ್ತದೆ. ನನಗೆ ಎಲ್ಲಕ್ಕಿಂತ ಸಂಕಟ ಕೊಡುವುದು ಇದೇ.

ಇಂಥ ವಿಡಿಯೊ ಹಂಚಿದರೆ ಐಟಿ (ಮಾಹಿತಿ ತಂತ್ರಜ್ಞಾನ) ಕಾಯ್ದೆಯ 67ಬಿ ಕಲಂನಲ್ಲಿ ಮೊದಲ ಸಲಕ್ಕೇ 5 ವರ್ಷದವರೆಗೆ ಜೈಲು, 10 ಲಕ್ಷ ರೂಪಾಯಿವರೆಗೆ ದಂಡ ಇದೆ. ಕಳಿಸಿದವನ ನಂಬರ್, ಗ್ರೂಪಿನ ಹೆಸರು, ಸಮಯ ಬರೆದಿಟ್ಟುಕೊಳ್ಳಿ. ರಾಷ್ಟ್ರೀಯ ಸೈಬರ್ ಕ್ರೈಮ್ ಪೋರ್ಟಲ್‌ನಲ್ಲಿ ಹೆಸರು ಹೇಳದೆಯೂ ಇಂಥ ದೂರು ಕೊಡಬಹುದು. ಆಮೇಲೆ ಅಳಿಸಿ.

ರವಿ_ತುಮಕೂರು:
ನೋಡಿದರೆ, ಇಟ್ಟುಕೊಂಡರೆ ತಪ್ಪಿಲ್ಲ ಅಂತ ಕೋರ್ಟೇ ಹೇಳಿತ್ತಲ್ಲ ಮೇಡಂ?

ವಕೀಲೆ ಅಕ್ಕ:
ಅದು ಮದ್ರಾಸ್ ಹೈಕೋರ್ಟ್ ರವಿಯವರೇ. 2024ರ ಸೆಪ್ಟೆಂಬರ್ 23ರಂದು ಸುಪ್ರೀಂ ಕೋರ್ಟ್ ಆ ತೀರ್ಪನ್ನು ರದ್ದು ಮಾಡಿತು. ಹಂಚುವ ಉದ್ದೇಶದಿಂದ, ಅಳಿಸದೆ, ದೂರೂ ಕೊಡದೆ ಇಟ್ಟುಕೊಳ್ಳುವುದು ಮಕ್ಕಳನ್ನು ಲೈಂಗಿಕ ದೌರ್ಜನ್ಯದಿಂದ ರಕ್ಷಿಸುವ ಪೋಕ್ಸೊ ಕಾಯ್ದೆಯ 15ನೇ ಕಲಂ ಪ್ರಕಾರ ಅಪರಾಧ. ನಿಜವಾಗಿ ಹಂಚಿರಲೇಬೇಕು ಅಂತೇನಿಲ್ಲ.

ಮಲೆನಾಡಿಗ:
ದೂರು ಕೊಟ್ಟೆ ಅಕ್ಕ. ಅಡ್ಮಿನ್‌ಗೂ ಫೋನ್ ಮಾಡಿ ಹೇಳಿದ್ದೇನೆ. ಮಗು ಯಾವ ಊರಿನದು ಅಂತ ಯಾರಿಗಾದರೂ ಗೊತ್ತಾದರೆ?

ವಕೀಲೆ ಅಕ್ಕ:
ತಕ್ಷಣ ಮಕ್ಕಳ ಸಹಾಯವಾಣಿ 1098ಕ್ಕೆ ಫೋನ್ ಮಾಡಲಿ. ಊರು, ಹೆಸರು ಮಾತ್ರ ಗ್ರೂಪಿನಲ್ಲಿ ಬರೆಯೋದು ಬೇಡ.